ಏಳು ಸುತ್ತಿನ ಕಥೆ ಕಟ್ಟುವ ಕ್ರಮ

'ಮೊದಲು', 'ಆಮೇಲೆ' ಎನ್ನದೆ ಒಂದು ಕಥೆ ಹೇಳಲು ಸಾಧ್ಯವೇ? ಚಿತ್ರದುರ್ಗದ ಏಳು ಸುತ್ತಿನ ಕೋಟೆಯನ್ನು ಮನಸ್ಸಿನಲ್ಲಿಟ್ಟುಕೊಂಡು ಕಲ್ಪಿಸಿಕೊಂಡ ಕ್ರಮ ಇದು; ಯಾವ ಪರಂಪರೆಯದೂ ಅಲ್ಲ. ಸುತ್ತುಗಥೆ ಅನ್ನೋಣ. ಇದರಲ್ಲಿ ಜಾಗ ಕದಲುವುದಿಲ್ಲ, ಕಾಲ ಸಾಲಾಗಿ ನಡೆಯುವುದಿಲ್ಲ. ವಸ್ತು ಮಾತ್ರ ಕೈಯಿಂದ ಕೈಗೆ ದಾಟುತ್ತದೆ.

ಬೇಕಾದದ್ದು 1 ಜಾಗ, 3 ವಸ್ತು, 7 ಸುತ್ತು; ಸುತ್ತು ಅಂದರೆ ಕಥೆಯ ಒಂದು ತುಂಡು. ಸುತ್ತಿಗೆ 100ರಿಂದ 120 ಪದ ಸಾಕು. ಗಟ್ಟಿಯಾಗಿ ಓದಿದರೆ ಒಟ್ಟು 8 ನಿಮಿಷದ ಆಸುಪಾಸು.

ಜಾಗ ಚಿಕ್ಕದಿರಲಿ. ಇಡೀ ಕೋಟೆಗೆ ಕೈಹಾಕಿದರೆ ಕೆಡುತ್ತದೆ. ಓಬವ್ವನ ಕಿಂಡಿ ಹೇಳಿ ಮಾಡಿಸಿದಂಥದ್ದು: ಒಬ್ಬರು ನುಸುಳುವಷ್ಟು ಸಂದು. ಕಾವಲಿನ ಮುದ್ದ ಹನುಮ ಊಟಕ್ಕೆ ಕೂತಿದ್ದು, ನೀರಿಗೆ ಬಂದ ಹೆಂಡತಿ ಹೈದರಾಲಿಯ ಸೈನಿಕರನ್ನು ಕಂಡದ್ದು, ಒನಕೆ ಎತ್ತಿದ್ದು, ಇಷ್ಟೂ ದುರ್ಗದ ಮಕ್ಕಳಿಗೂ ಗೊತ್ತು. ಕೋಟೆ 1779ರಲ್ಲಿ ಹೈದರನ ವಶವಾಯಿತೆಂಬುದೂ ಗೊತ್ತು. ಕೊನೆ ಗೊತ್ತಿರುವುದೇ ನಮಗೆ ಅನುಕೂಲ. 'ಮುಂದೇನು' ಎಂಬ ಕುತೂಹಲ ಕಾಲವನ್ನು ಎಳೆದು ತರುತ್ತದೆ, ಅದು ಇಲ್ಲಿ ಹುಟ್ಟುವುದೇ ಇಲ್ಲ. ಕೋಟೆಯ ಹತ್ತಿರದ ಚಂದ್ರವಳ್ಳಿಯಲ್ಲಿರುವ ಕದಂಬರ ಮಯೂರಶರ್ಮನ ಶಾಸನ ಎಷ್ಟೇ ಆಸೆ ಹುಟ್ಟಿಸಿದರೂ ಬಿಟ್ಟುಬಿಡಿ. ಅದು ಹೇಳುವುದು ಕೆರೆಯ ಮಾತು, ಜಾಗ ಬೇರೆ.

ವಸ್ತುಗಳು ಕೊಡ, ಒನಕೆ, ಕಹಳೆ. ಒಂದು ಸುತ್ತು ಯಾವ ವಸ್ತುವಿನ ಮೇಲೆ ನಿಲ್ಲುತ್ತದೋ ಮುಂದಿನದು ಅದರಿಂದಲೇ ಹೊರಡಬೇಕು, ಬೇರೆ ಕಾಲದ ಕೈಯಲ್ಲಿ.

ನಿಜವಾದ ತೊಡಕು ಕನ್ನಡದ ವಾಕ್ಯದಲ್ಲೇ ಇದೆ. 'ಬಂದು, ಬಗ್ಗಿ, ನೀರು ತುಂಬಿ, ಎದ್ದಳು' ಎಂದ ಕೂಡಲೇ ನಾಲ್ಕು ಕ್ರಿಯೆಗಳು ಒಂದರ ಹಿಂದೊಂದು ನಿಂತು ಕಾಲ ಓಡತೊಡಗುತ್ತದೆ. ನಮ್ಮ ನಾಲಿಗೆಗೆ ಈ ಸಾಲು ಎಷ್ಟು ಸಲೀಸೆಂದರೆ ಬರೆಯುವಾಗ ಗಮನಕ್ಕೇ ಬರುವುದಿಲ್ಲ. ಹಾಗಾಗಿ 'ಬಂದು, ಹೋಗಿ' ಬಗೆಯವು ವಾಕ್ಯಕ್ಕೆ ಒಂದೇ ಇರಲಿ. 'ಬರುತ್ತ, ಬಗ್ಗುತ್ತ' ಎಷ್ಟಾದರೂ ಬರಲಿ. 'ಆಗ', 'ನಂತರ', 'ಅಷ್ಟರಲ್ಲಿ' ಪೂರ್ತಿ ವರ್ಜ್ಯ. ಕ್ರಿಯಾಪದವೆಲ್ಲ ವರ್ತಮಾನದಲ್ಲಿ.

ಒಂದು ದಾಟು ಹೀಗಿರುತ್ತದೆ:

"ಕೊಡ ಕಲ್ಲಿಗೆ ತಾಗುತ್ತದೆ. ಕೊಡದ ಕಂಠದ ಮೇಲೆ ಓಬವ್ವನ ಕೈ. ಸಂದಿನಲ್ಲಿ ಪಿಸುಮಾತು. ಕೊಡದ ಕಂಠದ ಮೇಲೆ ಶಾಲೆ ಹುಡುಗಿಯ ಕೈ; ಕಚ್ಚೆ ಸೀರೆ ಸಡಿಲಾಗುತ್ತಿದೆ, ಮೇಷ್ಟ್ರು ಫೋನಿನಲ್ಲಿ ಫೋಟೊ ಹಿಡಿಯುತ್ತಿದ್ದಾರೆ, ಸಂದಿನಲ್ಲಿ ಪಿಸುಮಾತು."

ಹೊಲಿಗೆ ಬಿದ್ದಿರುವುದು 'ಕಂಠದ ಮೇಲೆ ಕೈ' ಎಂಬಲ್ಲಿ. ಇಸವಿ ಬೇಕಿಲ್ಲ, ಫೋನು ಸಾಕು.

ಕೆಡುವುದು ಎಲ್ಲಿ? ವಸ್ತು ನಾಲ್ಕಾದರೆ ಕೇಳುವವರಿಗೆ ಯಾವುದನ್ನು ಹಿಡಿದು ನಡೆಯಬೇಕೆಂದು ತಿಳಿಯದು. ಒಂದೇ ವಸ್ತು ಸತತ ಮೂರು ಸಲ ದಾಟಿದರೆ ಚಮತ್ಕಾರದಂತೆ ಕಾಣುತ್ತದೆ. ಎಲ್ಲಕ್ಕಿಂತ ಕೆಟ್ಟದ್ದು 'ಅವಳಿಗೆ ನೆನಪಾಯಿತು' ಎನ್ನುವುದು. ಅದು ಫ್ಲ್ಯಾಷ್‌ಬ್ಯಾಕ್, ಕಾಲದ ಸಾಲು ಹಾಗೇ ಇದೆ, ಹಿಂದುಮುಂದಾಗಿದೆ ಅಷ್ಟೆ.

ಪರೀಕ್ಷೆ ಸುಲಭ. ಕೇಳಿದವರ ಬಾಯಲ್ಲಿ ಕಥೆಯನ್ನು ತಿರುಗಿ ಹೇಳಿಸಿ. 'ಹೈದರಾಲಿ ಮುತ್ತಿಗೆ ಹಾಕಿದ್ದ' ಎಂದು ಶುರುಮಾಡಿದರೆ ಕಟ್ಟು ಸಡಿಲವಾಗಿದೆ, 'ಒಂದು ಕೊಡ' ಎಂದು ಶುರುಮಾಡಿದರೆ ನಿಂತಿದೆ. ಸಡಿಲವಾಗಲು ಬಹುಮಟ್ಟಿಗೆ ಕಾರಣ ಒಂದೇ: ತೀರಾ ಹಳೆಯ ಕಾಲವನ್ನು ಮೊದಲ ಸುತ್ತಿಗೆ ಇಟ್ಟಿರುತ್ತೇವೆ. ಅದನ್ನು ಮೂರಕ್ಕೋ ಐದಕ್ಕೋ ಸರಿಸಿ.

ದಾವಣಗೆರೆಯವರು ಹತ್ತಿ ಗಿರಣಿಯ ಗೇಟನ್ನು ಜಾಗ ಮಾಡಿಕೊಳ್ಳಬಹುದು: ಊಟದ ಡಬ್ಬಿ, ಸೈಕಲ್, ಸೈರನ್. ಸದ್ದನ್ನೇ ವಸ್ತುವಾಗಿ ದಾಟಿಸುವುದು ನನಗೆ ತುಂಬ ಇಷ್ಟ, ಆದರೆ ಸೈರನ್ ಪಾಳಿಯ ಹೊತ್ತು ಹೇಳುವಂಥದ್ದು. ಪಾಳಿ ಶುರುವಾಯಿತೋ ಬಿಟ್ಟಿತೋ ತಿಳಿಸದೆ ಕೂಗಿಸಿ, ಇಲ್ಲದಿದ್ದರೆ ಗಡಿಯಾರ ಒಳಗೆ ಬಂದುಬಿಡುತ್ತದೆ.