ಪ್ಯಾರಿಸ್ಸಿನಲ್ಲಿ ಹೇಳಿದ ಒಂದು ‘ನೋಡೋಣ’

ನಮ್ಮ ಮನೆಯಲ್ಲಿ ಯಾರಿಗೂ ‘ಇಲ್ಲ’ ಅನ್ನುವ ರೂಢಿ ಇಲ್ಲ. ಸಾಲ ಕೇಳಿಕೊಂಡು ಯಾರಾದರೂ ಬಂದರೆ ಅಪ್ಪ ‘ನೋಡೋಣ ಬಿಡಪ್ಪ’ ಅನ್ನುತ್ತಿದ್ದರು. ಬಂದವರು ಕಾಫಿ ಕುಡಿದು, ಮಳೆ ಬೆಳೆ ಮಾತಾಡಿ ಎದ್ದು ಹೋಗುತ್ತಿದ್ದರು. ಮತ್ತೆ ಕೇಳುತ್ತಿರಲಿಲ್ಲ. ಆ ‘ನೋಡೋಣ’ಕ್ಕೆ ಏನರ್ಥ ಅಂತ ಇಬ್ಬರಿಗೂ ಗೊತ್ತು, ಯಾರ ಮುಖವೂ ಸಣ್ಣದಾಗುತ್ತಿರಲಿಲ್ಲ. 2020ರ ಫೆಬ್ರವರಿಯಲ್ಲಿ ಅದೇ ಮಾತನ್ನು ಇಂಗ್ಲಿಷಿಗೆ ತಿರುಗಿಸಿ, ಪ್ಯಾರಿಸ್ಸಿನಲ್ಲಿ ಒಂದು ಮೇಜಿನ ಮುಂದೆ ಕೂತು ಹೇಳಿದೆ.

ಹೋಗಿದ್ದು ಇಂಟರ್‌ನ್ಯಾಷನಲ್ ಚೇಂಬರ್ ಆಫ್ ಕಾಮರ್ಸ್ ನಡೆಸುವ ಮೀಡಿಯೇಷನ್ ಸ್ಪರ್ಧೆಗೆ. ಮೀಡಿಯೇಷನ್ ಅಂದರೆ ನಡುವೆ ಒಬ್ಬರನ್ನು ಕೂರಿಸಿಕೊಂಡು ಮಾತಿನಲ್ಲೇ ಜಗಳ ಬಗೆಹರಿಸಿಕೊಳ್ಳುವುದು. 2006ರಲ್ಲಿ ಶುರುವಾದದ್ದು, ನಮ್ಮದು 15ನೇ ವರ್ಷ. ಬೇರೆ ಬೇರೆ ದೇಶಗಳ ವಿದ್ಯಾರ್ಥಿಗಳು ಅಲ್ಲಿ ವ್ಯಾಪಾರದ ಜಗಳವೊಂದನ್ನು ಹಿಡಿದು ಎದುರುಬದುರು ಕೂರುತ್ತಾರೆ. ಪ್ರತಿ ತಂಡದಿಂದ ಇಬ್ಬರು: ಒಬ್ಬರು ಕಂಪನಿಯ ಯಜಮಾನರ ಪಾತ್ರ, ಇನ್ನೊಬ್ಬರು ವಕೀಲರ ಪಾತ್ರ. ನಡುವೆ ಮೀಡಿಯೇಟರ್. ಅವರು ಮಾತ್ರ ಪಾತ್ರಧಾರಿಯಲ್ಲ, ನಿಜವಾಗಿ ಅದೇ ಕೆಲಸ ಮಾಡುವವರು. ಪ್ರಕರಣದ ಕಾಗದ ಎರಡೂ ಕಡೆಗೆ ಒಂದೇ. ಅದರ ಜೊತೆಗೆ ಆಯಾ ತಂಡಕ್ಕೆ ಮಾತ್ರ ಒಂದು ಗುಟ್ಟಿನ ಹಾಳೆ. ಯಾರು ಹೆಚ್ಚು ದುಡ್ಡು ಕಿತ್ತರು ಅಂತ ತೀರ್ಪುಗಾರರು ಅಂಕ ಕೊಡುವುದಿಲ್ಲ. ಇಬ್ಬರಿಗೂ ನಿಜವಾಗಿ ಏನು ಬೇಕು ಅನ್ನುವುದನ್ನು ಎಷ್ಟು ಹೊರತೆಗೆದಿರಿ, ಮೀಡಿಯೇಟರನ್ನು ಹೇಗೆ ಬಳಸಿಕೊಂಡಿರಿ ಅಂತ ನೋಡುತ್ತಾರೆ. ಮೂಟ್ ಕೋರ್ಟಿನಲ್ಲಿ, ಅಂದರೆ ಕಾನೂನು ವಿದ್ಯಾರ್ಥಿಗಳ ಅಣಕು ಕೋರ್ಟಿನಲ್ಲಿ, ನಿಂತು ವಾದ ಮಾಡಿ ಬೆಳೆದ ನನಗೆ ಇದು ಕಷ್ಟದ ಕುರ್ಚಿ.

ಆ ವಾರಾಂತ್ಯ ಕಿಯಾರಾ ಬಿರುಗಾಳಿ ಬೇರೆ. ರಸ್ತೆಯಲ್ಲಿ ಕೊಡೆ ಬಿಚ್ಚುವ ಹಾಗಿರಲಿಲ್ಲ. ಒಳಗೆ ಕಾಫಿ ವಿರಾಮದಲ್ಲಿ ಸಿಂಗಪುರದ ಮಾತು: ಹಿಂದಿನ ಆಗಸ್ಟಿನಲ್ಲಷ್ಟೇ ಭಾರತವೂ ಸೇರಿ 46 ದೇಶಗಳು ಅಲ್ಲಿ ವಿಶ್ವಸಂಸ್ಥೆಯ ಮೀಡಿಯೇಷನ್ ಒಡಂಬಡಿಕೆಗೆ ಸಹಿ ಹಾಕಿದ್ದವು. ಒಂದು ದೇಶದಲ್ಲಿ ಮಾತುಕತೆಯಿಂದ ಆದ ಒಪ್ಪಂದವನ್ನು ಇನ್ನೊಂದು ದೇಶದ ಕೋರ್ಟೂ ಜಾರಿ ಮಾಡಿಸಲಿ ಅನ್ನುವುದು ಅದರ ಉದ್ದೇಶ. ನಾವು ಆಡುತ್ತಿರುವುದು ಬರೀ ಆಟವಲ್ಲ ಅಂತ ಅನ್ನಿಸಿದ್ದು ಆಗ.

ಎರಡನೇ ಸುತ್ತು, ಎದುರಿಗೆ ಪೋಲೆಂಡಿನ ತಂಡ. ಪ್ರಕರಣವನ್ನು ಸ್ವಲ್ಪ ಬದಲಿಸಿ ಹೇಳುತ್ತೇನೆ. ನಮ್ಮದು ಶೀತಲಗೃಹದ ಯಂತ್ರ ಮಾಡುವ ಕಂಪನಿ, ಅವರದು ಮೀನು ರಫ್ತು. ಯಂತ್ರ ಕೆಟ್ಟು ಸರಕು ಹಾಳಾಗಿದೆ, 12 ಲಕ್ಷ ಯೂರೊ ಕೇಳುತ್ತಿದ್ದಾರೆ. ಮಾತಿನ ಮಧ್ಯೆ ಅವರ ಯಜಮಾನಿ ಪಾತ್ರದ ಹುಡುಗಿ, ‘ಪಕ್ಕದ ದೇಶದಲ್ಲಿ ನಿಮ್ಮ ಯಂತ್ರ ಮಾರುವ ಹಕ್ಕು ನಮಗೊಬ್ಬರಿಗೇ ಕೊಡಿ, ಹಣ ಕಡಿಮೆ ಮಾಡಿಕೊಳ್ಳುತ್ತೇವೆ’ ಅಂದಳು. ಆ ಹಕ್ಕನ್ನು ಆಗಲೇ ಬೇರೆಯವರಿಗೆ ಕೊಟ್ಟಾಗಿದೆ ಅಂತ ನಮ್ಮ ಗುಟ್ಟಿನ ಹಾಳೆಯಲ್ಲಿತ್ತು. ನಾನು ನಗುಮುಖದಿಂದ ‘ಲೆಟ್ ಅಸ್ ಸೀ’ ಅಂದೆ. ನನ್ನ ಮಟ್ಟಿಗೆ ಅಲ್ಲಿಗೆ ಆ ಮಾತು ಮುಗಿದಿತ್ತು.

ಮೀಡಿಯೇಟರ್ ಎದ್ದು ಹೋಗಿ ಬೋರ್ಡಿನ ಮೇಲೆ ಮಾತಾಡಬೇಕಾದ ವಿಷಯಗಳ ಪಟ್ಟಿಗೆ ಹಸಿರು ಮಾರ್ಕರಿನಲ್ಲಿ 3 ಅಂತ ಸೇರಿಸಿ, ಅದರ ಮುಂದೆ ಮಾರಾಟದ ಹಕ್ಕು ಅಂತ ಬರೆದರು. ಸಂಖ್ಯೆಗೆ ಒಂದು ಸುತ್ತು ಹಾಕಿದರು. ಆ ಸುತ್ತು ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದಂತಿದೆ.

ಅರ್ಧ ಗಂಟೆಯಲ್ಲಿ ಅವರು 12ರಿಂದ 8 ಲಕ್ಷಕ್ಕೆ ಇಳಿದಿದ್ದರು. ನಮ್ಮ ಮಾತು ಕೆಲಸ ಮಾಡುತ್ತಿದೆ ಅಂದುಕೊಂಡೆ. ಆಮೇಲೆ ಆ ಹುಡುಗಿ ಬೋರ್ಡಿನ ಕಡೆ ಕೈ ತೋರಿಸಿ, ‘ಈಗ ಮೂರನೆಯದಕ್ಕೆ ಬರೋಣವೇ? ಅದು ಸಿಗುತ್ತದೆ ಅಂತಲೇ ನಾವು ಇಳಿದದ್ದು. ನೋಡೋಣ ಅಂದಿರಿ. ಏನು ನೋಡಬೇಕು, ಹೇಳಿ’ ಅಂದಳು.

ಅವಳ ದನಿಯಲ್ಲಿ ಕೊಂಕು ಇರಲಿಲ್ಲ. ನಂಬಿ ಕೇಳಿದ ಪ್ರಶ್ನೆ ಅದು. ಮೀಡಿಯೇಟರ್ ಜೊತೆ ನಮ್ಮ ತಂಡ ಮಾತ್ರ ಕೂರುವ ಪ್ರತ್ಯೇಕ ಸಭೆ ಕೇಳಿದೆ. ಎದುರಿನವರು ಹೊರಗೆ ಹೋದ ಕೂಡಲೇ ನನ್ನ ಜೊತೆಗಾತಿ ಹುಬ್ಬಳ್ಳಿಯವಳು, ಕನ್ನಡದಲ್ಲೇ ಅಂದಳು: ‘ಆಗಂಗಿಲ್ಲ ಅಂತ ನೀ ಒಮ್ಮೆನೂ ಹೇಳಲಿಲ್ಲಲ್ಲೋ.’ ನಾನು ಹೇಳಿದ್ದೇನೆ ಅಂತಲೇ ನಂಬಿದ್ದೆ.

ಪ್ರತ್ಯೇಕ ಸಭೆಯಲ್ಲಿ ಹೇಳಿದ್ದನ್ನು ನಮ್ಮ ಅನುಮತಿ ಇಲ್ಲದೆ ಮೀಡಿಯೇಟರ್ ಆಚೆ ದಾಟಿಸುವ ಹಾಗಿಲ್ಲ. ಆ ಧೈರ್ಯದ ಮೇಲೆ ಅವರಿಗೆ ಎಲ್ಲವನ್ನೂ ಹೇಳಿದೆವು. ಅವರು ಬುದ್ಧಿ ಹೇಳಲಿಲ್ಲ. ‘ಇದರಲ್ಲಿ ಯಾವ ಭಾಗವನ್ನು ನೀವೇ ಅವರಿಗೆ ಹೇಳಬಲ್ಲಿರಿ?’ ಅಂತ ಮಾತ್ರ ಕೇಳಿದರು. ಒಳ್ಳೆಯ ಮೀಡಿಯೇಟರ್ ಅಂದರೆ ಯಾರು ಅಂತ ನನಗೆ ಗೊತ್ತಾದದ್ದು ಆ ಪ್ರಶ್ನೆಯಿಂದ. ಗುಟ್ಟನ್ನು ಉಳಿಸಿಕೊಂಡೂ ಸತ್ಯ ಹೇಳಲು ಜಾಗವಿದೆ ಅನ್ನುವುದು ಅಲ್ಲಿಯವರೆಗೆ ನನಗೆ ಹೊಳೆದೇ ಇರಲಿಲ್ಲ.

ಎದುರಿನ ತಂಡದವರು ಮತ್ತೆ ಒಳಗೆ ಬಂದರು. ‘ಆ ಹಕ್ಕು ಕೊಡಲು ಆಗುವುದಿಲ್ಲ. ಕಾರಣ ಹೇಳುವಂತಿಲ್ಲ. ಇದನ್ನು ನಾನು ಮೊದಲೇ ಹೇಳಬೇಕಿತ್ತು, ತಪ್ಪಾಯಿತು’ ಅಂದೆ. ಆ ಹುಡುಗಿ ಪೆನ್ನಿಗೆ ಕ್ಯಾಪ್ ಹಾಕಿ ಮೇಜಿನ ಮೇಲಿಟ್ಟಳು. ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ‘ಹಾಗಾದರೆ ಮತ್ತೆ 12’ ಅಂದಳು. ನ್ಯಾಯವೇ. ಅಲ್ಲಿಂದಾಚೆಗೆ ನನ್ನ ಜೊತೆಗಾತಿಯೇ ಹೆಚ್ಚು ಮಾತಾಡಿದಳು. ಮಾರುವ ಹಕ್ಕು ಯಾಕೆ ಬೇಕಿತ್ತು ಅಂತ ಕೇಳಿದಳು. ಸೀಸನ್ ಬಿಟ್ಟ ತಿಂಗಳುಗಳಲ್ಲಿ ಅವರ ಕೆಲಸಗಾರರಿಗೆ ದುಡಿಮೆ ಇಲ್ಲವಂತೆ. ಯಂತ್ರಗಳ ದುರಸ್ತಿ ಕೆಲಸವನ್ನು ಅವರ ಬಂದರಿನಲ್ಲೇ ಇಟ್ಟರೆ ಹೇಗೆ ಅನ್ನುವಷ್ಟರಲ್ಲಿ ಸಮಯ ಮುಗಿಯಿತು. ಒಪ್ಪಂದ ಆಗಲಿಲ್ಲ.

ಸುತ್ತು ಮುಗಿದ ಮೇಲೆ ತೀರ್ಪುಗಾರರು ಅಭಿಪ್ರಾಯ ಹೇಳುತ್ತಾರೆ. ಹಿರಿಯ ಮಹಿಳೆಯೊಬ್ಬರು, ಕಡೆಗೆ ‘ಆಗುವುದಿಲ್ಲ’ ಅಂದದ್ದಕ್ಕೆ ಒಳ್ಳೆಯ ಅಂಕ ಕೊಟ್ಟಿದ್ದೇನೆ, ಅದಕ್ಕೆ ಮುಂಚಿನ ಅರ್ಧ ಗಂಟೆಗೆ ಕೊಡಲು ಆಗಲಿಲ್ಲ ಅಂದರು. ‘ಲೆಟ್ ಅಸ್ ಸೀ’ ಅನ್ನುವುದನ್ನು ನಿಮ್ಮ ಭಾಷೆಯಲ್ಲಿ ಹೇಗೆ ಹೇಳುತ್ತೀರಿ ಅಂತ ಕೇಳಿದರು. ‘ನೋಡೋಣ’ ಅಂದೆ. ಎರಡು ಸಲ ಹೇಳಿಸಿಕೊಂಡು ಅಂಕಪಟ್ಟಿಯ ಅಂಚಿನಲ್ಲಿ ಬರೆದುಕೊಂಡರು. ನಾವು ಮುಂದಿನ ಹಂತಕ್ಕೆ ಹೋಗಲಿಲ್ಲ. ಅದರ ಮರುವರ್ಷ ಸ್ಪರ್ಧೆ ಆನ್‌ಲೈನಿಗೆ ಹೋಯಿತು. ಮುಖ ನೋಡಿ ಮಾತಾಡಿದ ವರ್ಷ ನಮ್ಮದಾಗಿತ್ತು, ಅಷ್ಟು ಋಣ.

ಕಳೆದ ವರ್ಷ ಯುಗಾದಿಗೆ ಊರಿಗೆ ಹೋಗಿದ್ದೆ. ಚಿಕ್ಕಪ್ಪ ಬಂದು, ಜಮೀನು ಭಾಗ ಆಗುವಾಗ ಬೋರಿನ ಪಕ್ಕದ ತುಂಡು ತನಗೆ ಬರಲಿ ಅಂತ ಕೇಳಿದರು. ಅಪ್ಪ ಕಾಫಿ ಲೋಟ ಕೆಳಗಿಟ್ಟು ‘ನೋಡೋಣ ಬಿಡು’ ಅಂದರು. ಚಿಕ್ಕಪ್ಪ ಏಳಲು ಟವೆಲ್ ಹೆಗಲಿಗೆ ಹಾಕಿಕೊಂಡರು. ನಾನು, ‘ಏನನ್ನ ನೋಡೋದಪ್ಪಾ?’ ಅಂದೆ.

ಅಪ್ಪ ನನ್ನನ್ನೇ ನೋಡಿದರು. ಹೊತ್ತಾದ ಮೇಲೆ, ‘ಆ ತುಂಡು ಬಿಟ್ಟು ಬೇರೆ ಯಾವುದಾದ್ರೂ ಕೇಳಲಿ’ ಅಂದರು.

ಚಿಕ್ಕಪ್ಪ ಮತ್ತೆ ಕೂತರು. ‘ತುಂಡು ಯಾಕಣ್ಣ ನಂಗೆ? ವಾರಕ್ಕೆ ಎರಡು ದಿನ ಮೋಟರ್ ಹಾಕ್ಕೊಳ್ಳೋಕೆ ಬಿಟ್ರೆ ಸಾಕು.’