ತಮಟೆ ಬಡಿದ ದಿನ

ನಮ್ಮ ಮನೆ ಹರಾಜಿಗೆ ಬಂದಾಗ ಕೋರ್ಟ್ ಅಮೀನರ ಜೊತೆ ತಮಟೆಯವನೂ ಬಂದಿದ್ದ. ಇಡೀ ಬೀದಿ ಕಿಟಕಿಯಲ್ಲಿ! ಅಪ್ಪ ಮಾಡಿದ ಸಾಲವೂ ಅಲ್ಲ, ಸುಮ್ನೆ ಸ್ನೇಹಿತರಿಗೆ ಜಾಮೀನು ಹಾಕಿದ್ದು. ಬಾಗಿಲಿಗೆ ನೋಟಿಸ್ ಅಂಟಿಸಿದರು. ಮೈದಾ ಅಂಟು ಅಮ್ಮನ ರಂಗೋಲಿ ಮೇಲೆ ತೊಟ್ಟಿಕ್ಕಿತು.

ಹೆಚ್ಚಿಗೆ ಕೂಗಿದವರು ಅಲ್ಲೇ ಕಾಲು ಭಾಗ ಕಟ್ಟಿದರು, ಉಳಿದದ್ದಕ್ಕೆ 15 ದಿನ. ಕಥೆ ಮುಗೀತು ಅಂದುಕೊಂಡೆವು. ‘ಇಲ್ಲಮ್ಮ, 60 ದಿನ ಇದೆ’ ಅಂದರು ವಕೀಲರು. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶ, 89ನೇ ನಿಯಮ. ಹರಾಜಿಗೆ ಕಾರಣವಾದ ಬಾಕಿ ಪೂರ್ತಿ, ಜೊತೆಗೆ ಕೊಂಡವರಿಗೆ ಹರಾಜು ಬೆಲೆಯ ಶೇ. 5, ಇಷ್ಟನ್ನು ಕೋರ್ಟಿಗೆ ಕಟ್ಟಿದರೆ ಮಾರಾಟ ರದ್ದಾಗುತ್ತದಂತೆ.

ಅಮ್ಮ ಬಳೆ ಬಿಚ್ಚಿ ಕೊಟ್ಟಳು. ದೊಡ್ಡಪ್ಪ ಅಡಿಕೆ ಮಾರಿದರು. 57ನೇ ದಿನ ದುಡ್ಡು ಕಟ್ಟಿದೆವು. ಆ ರಸೀದಿ ಇನ್ನೂ ಅಪ್ಪನ ಪಂಚಾಂಗದೊಳಗಿದೆ.