ಕಸದ ಚೀಲ ವಾಪಸ್ ಬಂದ ದಿನ

ಟೋಕಿಯೊಗೆ ಬಂದ ಎರಡನೇ ವಾರ. ಬೀದಿಯ ಕಸವೆಲ್ಲ ಹೋಗಿತ್ತು, ನಮ್ಮ ಚೀಲ ಮಾತ್ರ ಅಲ್ಲೇ ಕೂತಿತ್ತು. ಮೇಲೊಂದು ಚೀಟಿ ಅಂಟಿಸಿದ್ದರು. ಓದಲು ಬರಲಿಲ್ಲ. ಒಳಗಿನ ಉಪ್ಪಿನಕಾಯಿ ಬಾಟಲಿ ಹೊರಗೇ ಕಾಣುತ್ತಿತ್ತು, ತಪ್ಪು ಗೊತ್ತಾಯಿತು. ತುಂಬಾ ನಾಚಿಕೆಯಾಯಿತು.

ಪಕ್ಕದ ಮನೆ ಅಜ್ಜಿ ಒಳಗೆ ಹೋಗಿ ಚಿತ್ರಗಳಿರುವ ಕಸದ ಕ್ಯಾಲೆಂಡರ್ ತಂದುಕೊಟ್ಟರು. ‘ಮೊಯೆರು ಗೊಮಿ’, ಅಂದರೆ ಸುಡುವ ಕಸ, ನಮ್ಮ ಬೀದಿಯಲ್ಲಿ ವಾರಕ್ಕೆ ಎರಡು ದಿನ. ಬಾಟಲಿ, ಡಬ್ಬಿಗೆ ಒಂದು ದಿನ. ಸುಡಲಾಗದ್ದು ತಿಂಗಳಿಗೆ ಎರಡೇ ಸಲ. ಬೆಳಿಗ್ಗೆ 8 ಗಂಟೆಯೊಳಗೆ ಇಡಬೇಕು, ಹಿಂದಿನ ರಾತ್ರಿ ಇಡಬಾರದು. ಇಲ್ಲಿನ ಕಾಗೆಗಳು ನಮ್ಮೂರಿನವಕ್ಕಿಂತ ದೊಡ್ಡವು, ಚೀಲ ಸಿಕ್ಕರೆ ಹರಿದು ಬೀದಿಗೆಲ್ಲ ಹರಡುತ್ತವೆ. ಅದಕ್ಕೇ ಮೇಲೆ ಬಲೆ. ಅದರ ಅಂಚನ್ನು ಚೀಲದ ಅಡಿಗೆ ಸಿಕ್ಕಿಸುವುದನ್ನು ಅಜ್ಜಿ ಕೈಯಾರೆ ಮಾಡಿ ತೋರಿಸಿದರು.

ಬೆಂಗಳೂರಿನಲ್ಲಿ ಹಸಿ ಕಸ, ಒಣ ಕಸ ಬೇರೆ ಮಾಡಿ ರೂಢಿಯಾಗಿತ್ತು. ಇಲ್ಲಿ ನಮ್ಮ ಬೀದಿಯಲ್ಲಿ ಬಾಳೆಹಣ್ಣಿನ ಸಿಪ್ಪೆಯೂ ಸುಡುವ ಕಸವೇ! ಹಾಗಾಗಿ ಚಹಾ ಚರಟ, ತರಕಾರಿ ಸಿಪ್ಪೆಯ ನೀರನ್ನು ಚೆನ್ನಾಗಿ ಹಿಂಡಬೇಕು. ಒದ್ದೆ ಇದ್ದರೆ ಉರಿಯುವುದು ಕಷ್ಟ ಅಲ್ವಾ. ಉಳಿದ ಬೂದಿಯಲ್ಲಿ ಒಂದು ಪಾಲು ಟೋಕಿಯೊ ಕೊಲ್ಲಿಯಲ್ಲಿ ಕಸ ತುಂಬಿಸುವ ಜಾಗಕ್ಕೆ ಹೋಗುತ್ತದೆ.

ಕೆಲಸ ಜಾಸ್ತಿ ಇರುವುದು ಹಾಲಿನ ಪೆಟ್ಟಿಗೆಯದು. ತೊಳೆದು, ಕತ್ತರಿಸಿ ಹಾಳೆಯಂತೆ ಬಿಡಿಸಿ, ಒಣಗಿಸಿ, ಕಟ್ಟಿಡಬೇಕು. ದಿನಾ ಮೊಸರು ಹೆಪ್ಪು ಹಾಕುವ ಮನೆಯಲ್ಲಿ ಅವು ಬೇಗ ರಾಶಿಯಾಗುತ್ತವೆ. ಚಕ್ಕುಲಿ ಕರಿದ ಎಣ್ಣೆಯನ್ನು ಸಿಂಕಿಗೆ ಸುರಿಯುವ ಹಾಗಿಲ್ಲ. ಬಿಸಿ ಎಣ್ಣೆಗೆ ಒಂದು ಪುಡಿ ಹಾಕಿದರೆ, ಆರಿದ ಮೇಲೆ ಹಾಲುಬಾಯಿಯಂತೆ ಗಟ್ಟಿಯಾಗುತ್ತದೆ. ಎತ್ತಿ ಸುಡುವ ಕಸಕ್ಕೆ ಹಾಕಿದರಾಯಿತು. ಈ ಪುಡಿ ನಮ್ಮೂರಿನ ಅಂಗಡಿಗಳಲ್ಲೂ ಸಿಗಬೇಕು ಅಂತ ನನಗೆ ಬಹಳ ಆಸೆ.

ಬೀದಿಯಲ್ಲಿ ಕಸದ ಡಬ್ಬಿ ಅಪರೂಪ. 1995ರಲ್ಲಿ ಇಲ್ಲಿನ ಮೆಟ್ರೊದಲ್ಲಿ ಸರಿನ್ ವಿಷಾನಿಲ ದಾಳಿಯಾದ ಮೇಲೆ ಎಷ್ಟೋ ಡಬ್ಬಿಗಳನ್ನು ತೆಗೆದುಬಿಟ್ಟರು. ಮಗಳು ಚಾಕೊಲೇಟ್ ಕಾಗದವನ್ನು ಜೇಬಿನಲ್ಲೇ ಮನೆಗೆ ತರುತ್ತಾಳೆ.

ಈಗ ಅಜ್ಜಿಗೆ ಮೊಣಕಾಲು ನೋವು. ಮಂಗಳವಾರ, ಶುಕ್ರವಾರ ಅವರ ಚೀಲವನ್ನೂ ನಾನೇ ಒಯ್ದು ಬಲೆ ಹೊದಿಸಿ ಬರುತ್ತೇನೆ.